ಇಲ್ಲದ ಸೀರೆಯ ನೆರಿಗೆ

ನನಗೊಂದು ಚಾಳಿ ಇದೆ. ಬೀಡಿ, ಎಲೆಯಡಿಕೆ, ನಶ್ಯ ಇವೆಲ್ಲ ನನ್ನ ಬಾಳಿನಲ್ಲಿ ಬಂದು ಹೋದವು. ಬಂದಷ್ಟೇ ಸಲೀಸಾಗಿ ಹೋದವು. ಇದೊಂದು ಮಾತ್ರ ಹೋಗಲಿಲ್ಲ. ನೆಲದ ಮೇಲೆ ಕೂಡುವ ಮುಂಚೆ ನನ್ನ ಎಡಗೈ ತಾನಾಗಿಯೇ ಮುಂದೆ ಬಂದು ಗಾಳಿಯಲ್ಲಿ ಏನನ್ನೋ ಚೂರು ಮೇಲೆತ್ತುತ್ತದೆ. ಬಲಗೈ ಹಿಂದೆ ಹೋಗಿ ನಡುವಿನ ಕೆಳಗೊಮ್ಮೆ ಮೆಲ್ಲಗೆ ಸವರುತ್ತದೆ. ಆಮೇಲೆಯೇ ನಾನು ಕೂಡುವುದು. ಉಟ್ಟದ್ದು ಪಾಯಿಜಾಮ. ಎತ್ತುವುದಕ್ಕೂ ಸವರುವುದಕ್ಕೂ ಅಲ್ಲಿ ಏನೂ ಇಲ್ಲ.

ಮಸೀದಿಯಲ್ಲಿ ನನ್ನ ಪಕ್ಕ ಕೂಡುವ ಗೆಳೆಯರು ಇದನ್ನು ನೋಡಿಯೂ ನೋಡದ ಹಾಗೆ ಇರುತ್ತಾರೆ. ದೊಡ್ಡ ಮನುಷ್ಯರು. ಮೊಮ್ಮಗಳು ಅಷ್ಟು ದೊಡ್ಡವಳಲ್ಲ. ಮೊನ್ನೆ ಊಟಕ್ಕೆ ಕೂಡುವಾಗ ಕೇಳಿಯೇ ಬಿಟ್ಟಳು.

"ಅಜ್ಜಾ, ದಿನಾ ಕೂಡುವಾಗ ಹಿಂದ ಏನ ಹುಡುಕ್ತಿ? ಏನರ ಕಳಕೊಂಡಿಯೇನು?"

"ಹೌದವಾ, ಒಂದು ಸೀರಿ ಕಳಕೊಂಡೇನಿ," ಎಂದೆ.

ಅವಳು ನಕ್ಕು ರೊಟ್ಟಿ ಮುರಿದಳು. ನಾನೂ ನಗುತ್ತ ನಗುತ್ತ ಅರ್ಧ ಊಟದಲ್ಲಿ ಎಲ್ಲಿಗೋ ಹೋಗಿಬಿಟ್ಟೆ. ಸಾರು ಬೇಕೇ ಎಂದು ಸೊಸೆ ಎರಡು ಸಲ ಕೇಳಿದಳಂತೆ. ನನಗೆ ಗೊತ್ತಿಲ್ಲ.

ನಿಮಗೆ ಮೊದಲೇ ಹೇಳಿಬಿಡುವುದು ಒಳ್ಳೆಯದು. ನಾನು, ಹೆಬ್ಬಳ್ಳಿಯ ಕಲಾಯಿ ಕೆಲಸದವರ ಮನೆಯ ಮೌಲಾಸಾಬ, ನಾಟಕ ಕಂಪನಿಯೊಂದರಲ್ಲಿ ಹದಿಮೂರು ವರುಷ ಸೀರೆ ಉಟ್ಟವನು. ಹೆಂಗಸರು ರಂಗದ ಮೇಲೆ ಬರುವುದು ಅಪರೂಪವಾಗಿದ್ದ ಕಾಲ ಅದು. ರಾಣಿ, ಪತಿವ್ರತೆ, ಅಪ್ಸರೆ, ಮೂವರೂ ನಾನೇ. ಒಂದೇ ನಾಟಕದಲ್ಲಿ ಸವತಿಯರಿಬ್ಬರ ಪಾತ್ರವನ್ನೂ ಮಾಡಿ, ಒಳಗೆ ಹೋಗಿ ಸೀರೆ ಬದಲಿಸಿಕೊಂಡು ಬಂದು ನನ್ನನ್ನೇ ನಾನು ಬೈದದ್ದೂ ಉಂಟು. ಮದುವೆಯಾದ ಹೊಸತರಲ್ಲಿ ನನ್ನ ಹೆಂಡತಿ ನಾನು ಕೂಡುವುದನ್ನು ನೋಡಿ ತಾನು ಕೂಡುವುದನ್ನು ತಿದ್ದಿಕೊಂಡಳು. ಅದನ್ನು ಕೊನೆಯವರೆಗೂ ಒಪ್ಪಲಿಲ್ಲ, ಅದು ಬೇರೆ ಮಾತು.

ಸೀರೆ ಉಡುವುದನ್ನು ಕಂಪನಿ ಕಲಿಸಿತು. ಕೂಡುವುದನ್ನು ಹೆಬ್ಬಳ್ಳಿ ಕಲಿಸಿತ್ತು. ಅಪ್ಪ ಬೇವಿನ ಗಿಡದ ಕೆಳಗೆ ತಿದಿ ಒತ್ತಿ ಪಾತ್ರೆಗಳಿಗೆ ಕಲಾಯಿ ಹಾಕುತ್ತಿದ್ದ. ಊರಿನ ಹೆಂಗಸರು ಚರಿಗೆ, ಕೊಡ ತಂದಿಟ್ಟು ಕೆಲಸ ಮುಗಿಯುವ ತನಕ ಅಲ್ಲೇ ಕೂತು ಹರಟುತ್ತಿದ್ದರು. ಬಸುರಿ ಕೂಡುವ ರೀತಿ ಬೇರೆ, ಅತ್ತೆಯ ಮುಂದೆ ಸೊಸೆ ಕೂಡುವ ರೀತಿ ಬೇರೆ, ತವರಿಗೆ ಬಂದ ಮಗಳು ಧಪ್ಪೆಂದು ಕೂಡುವ ರೀತಿಯೇ ಬೇರೆ. ಕಾದ ಪಾತ್ರೆಗೆ ತಿಕ್ಕಿದ ನವಸಾಗರದ ಬಿಳಿ ಹೊಗೆ ಎದ್ದು ಅವರನ್ನೆಲ್ಲ ಮುಚ್ಚುವುದು, ಹೊಗೆ ಸರಿದಾಗ ಇಳಕಲ್ಲ ಸೀರೆಗಳ ಕೆಂಪು ಸೆರಗು ಒಂದೊಂದಾಗಿ ಮತ್ತೆ ಕಾಣುವುದು. ಪರದೆ ಏಳುವುದೆಂದರೆ ನನಗೆ ಈಗಲೂ ಅದೇ ಹೊಗೆ ನೆನಪಾಗುತ್ತದೆ.

ನಾನೀಗ ಹೇಳಬೇಕೆಂದಿರುವುದು ಹುಬ್ಬಳ್ಳಿಯ ಮಾತು. ನನಗಾಗ ಇಪ್ಪತ್ತೆರಡು. ಉಪ್ಪಿನ ಸತ್ಯಾಗ್ರಹದ ವರುಷ. ನಮ್ಮ ಕಂಪನಿ ಹುಬ್ಬಳ್ಳಿಯಲ್ಲಿ ಕ್ಯಾಂಪು ಮಾಡಿತ್ತು. ಥೇಟರೆಂದರೆ ತಗಡಿನ ಗೋಡೆ, ತಗಡಿನ ಮಾಡು. ಎಲ್ಲರೂ ಅದನ್ನು ರಾತ್ರಿ ನೋಡಿದವರೇ. ನನ್ನ ಕನಸಿನಲ್ಲಿ ಬರುವುದು ಹಗಲಿನ ಥೇಟರು. ಮಧ್ಯಾಹ್ನ ಊಟವಾದ ಮೇಲೆ ನಾವೆಲ್ಲ ರಂಗದ ಮೇಲೆಯೇ ಒರಗುತ್ತಿದ್ದೆವು. ತಗಡಿನ ಹಳೆಯ ಮೊಳೆತೂತುಗಳಿಂದ ಬಿಸಿಲು ಸಣ್ಣ ಸಣ್ಣ ಬಿಲ್ಲೆಗಳಾಗಿ ಇಳಿದು ಅರಮನೆಯ ಪರದೆಯ ಮೇಲೆ ನಿಧಾನವಾಗಿ ಸರಿಯುತ್ತಿತ್ತು. ಪರದೆಯಲ್ಲಿ ಒಂದು ನವಿಲು ಬರೆದಿತ್ತು. ಬಿಸಿಲ ಬಿಲ್ಲೆ ಆ ನವಿಲಿನ ಕಣ್ಣಿಗೆ ಬಂತೆಂದರೆ ಮೂರು ಗಂಟೆ, ಏಳಬೇಕು. ಯಾರೋ ನಿದ್ದೆಯಲ್ಲಿ ತಮ್ಮ ಮಾತು ಹೇಳುವರು, ಇನ್ಯಾರೋ ನಿದ್ದೆಯಲ್ಲೇ ಅದಕ್ಕೆ ಉತ್ತರ ಕೊಡುವರು. ರಾಕ್ಷಸನ ಪಾತ್ರದವನು ಕೆನ್ನೆಯ ಕೆಳಗೆ ಎರಡೂ ಕೈ ಇಟ್ಟುಕೊಂಡು ಮಗುವಿನ ಹಾಗೆ ಮಲಗಿರುತ್ತಿದ್ದ. ಅಲ್ಲಿ ಮಲಗಿ ಎದ್ದರೆ ಯಾವುದು ಊರು, ಯಾವುದು ಪರದೆ ಎಂದು ತಿಳಿಯಲು ಸ್ವಲ್ಪ ಹೊತ್ತು ಬೇಕಾಗುತ್ತಿತ್ತು.

ತಗಡಿನ ಹೊರಗೆ ಮಾತ್ರ ಊರು ನಿದ್ದೆ ಬಿಟ್ಟು ಕೂತಿತ್ತು. ಬೀದಿಗಳಲ್ಲಿ ಪ್ರಭಾತಫೇರಿ, ಚೌಕಗಳಲ್ಲಿ ವಿಲಾಯತಿ ಬಟ್ಟೆ ಸುಡುವುದು, ಎಲ್ಲಿ ನೋಡಿದರಲ್ಲಿ ಬಿಳಿ ಟೊಪ್ಪಿಗೆ. ಜನಕ್ಕೆ ಬೀದಿಯೇ ನಾಟಕವಾಗಿದ್ದಾಗ ನಮ್ಮ ಕಡೆ ಯಾರು ಬರಬೇಕು? ನಮ್ಮ ಮಾಲಕರು ಶಿವಲಿಂಗಪ್ಪನವರು, ಊರಿನ ನಾಡಿ ಹಿಡಿದು ನಾಟಕ ಹಾಕುವ ಮನುಷ್ಯ. ಒಂದು ದಿನ ತಾಲೀಮಿನಲ್ಲಿ ಎಲ್ಲಿಂದಲೋ ಒಂದು ಚರಕ ತಂದು ನನ್ನ ಮುಂದಿಟ್ಟರು. ಆಗ ನಾವು ಆಡುತ್ತಿದ್ದದ್ದು ರಾಕ್ಷಸನ ತೋಟದಲ್ಲಿ ಸೆರೆಯಾದ ಒಬ್ಬ ರಾಣಿಯ ಪುರಾಣದ ಕತೆ. ರಾಣಿ ನಾನು.

"ಇದನ್ನ ಏನ ಮಾಡ್ಲಿರಿ?" ಎಂದೆ.

"ತಿರುವು. ತಿರುವಿಕೋತ ಹಾಡು."

"ಆ ಕಾಲದಾಗ ರಾಣಿ ಚರಕಾ ತಿರುವ್ತಿದ್ಲೇನ್ರಿ?"

"ಹನ್ನೊಂದು ತಿಂಗಳ ಸೆರಿಯಾಗ ಅದಾಳ. ಸುಮ್ನ ಕುಂತು ಏನ ಮಾಡ್ಯಾಳು? ತಿರುವ್ಲಿ ಬಿಡು," ಎಂದರು ಮಾಲಕರು.

ರಾಣಿ ತಿರುವಿದಳು. ಜನ ಹುಚ್ಚಾದರು. ಮುಂದಿನ ಕುರ್ಚಿಯಲ್ಲಿ ಕೂತ ಪೊಲೀಸ್ ಫೌಜದಾರರೊಬ್ಬರು, ಹಗಲೆಲ್ಲ ಚರಕದವರನ್ನು ಬೆನ್ನಟ್ಟಿ ದಣಿದು ಬಂದವರು, ಆ ಹಾಡಿಗೆ ಕಾಲಿನಿಂದ ತಾಳ ಹಾಕಿದರು. ಹಾಡು ಮುಗಿಯುವುದೇ ತಡ, ಎಲ್ಲ ಕಡೆಯಿಂದ ವನ್ಸ್ ಮೋರ್, ವನ್ಸ್ ಮೋರ್.

ಈ ವನ್ಸ್ ಮೋರಿನ ಸಂಗತಿ ಇಂದಿನವರಿಗೆ ಬಿಡಿಸಿ ಹೇಳಬೇಕು. ಹಾಡು ಹಿಡಿಸಿದರೆ ಪ್ರೇಕ್ಷಕರು ಹಾಗೆ ಕೂಗುವರು, ಕೂಗಿದರೆ ನಟ ಮತ್ತೆ ಹಾಡಬೇಕು. ಇದು ಎಲ್ಲ ಕಂಪನಿಗಳ ಪದ್ಧತಿ. ನಮ್ಮ ಮಾಲಕರ ಕಾನೂನು ಇನ್ನೂ ಬಿಗಿ. ಬರೀ ಹಾಡಿದರೆ ಸಾಲದು, ಹಾಡು ಎಲ್ಲಿ ಹುಟ್ಟಿತೋ ಅಲ್ಲಿಗೇ ಹಿಂದೆ ಹೋಗಿ ಬರಬೇಕು. ಅತ್ತು ಹಾಡಿದ್ದರೆ ಮತ್ತೆ ಅಳಬೇಕು. ಎದೆಗೆ ಬಾಣ ಹೊಡೆಸಿಕೊಂಡು ಹಾಡಿದ್ದರೆ, ಬಾಣ ಕಿತ್ತು ವೈರಿಯ ಕೈಗೆ ಮರಳಿ ಕೊಟ್ಟು, ಮತ್ತೆ ಹೊಡೆಸಿಕೊಂಡು ಹಾಡಬೇಕು. "ಮಂದಿ ಕೇಳಿದ್ರಂದ್ರ ಅದು ಹುಕುಂ. ವಿಚಾರ ಮಾಡಬಾರ್ದು," ಅನ್ನುತ್ತಿದ್ದರು. ಆರು ವರುಷದಲ್ಲಿ ನನ್ನ ಮೈ ಇದಕ್ಕೆ ಎಷ್ಟು ಪಳಗಿತ್ತೆಂದರೆ, ಆ ಎರಡು ಶಬ್ದ ಕಿವಿಗೆ ಬಿದ್ದರೆ ಸಾಕು, ತಲೆಯನ್ನು ಕೇಳದೆಯೇ ಕಾಲು ಹಿಂದಕ್ಕೆ ಹೋಗುತ್ತಿದ್ದವು.

ಚರಕದ ಹಾಡು ಜೋರಾಗಿ ನಡೆದಿದ್ದಾಗ ಒಂದು ಮಧ್ಯಾಹ್ನ ನಾನು ಎಚ್ಚರಾಗಿ ನೋಡುತ್ತೇನೆ, ಮಲಗಿದ ರಾಕ್ಷಸರ ನಡುವೆ ಒಬ್ಬರು ಕೊಡೆ ಹಿಡಿದು ನಿಂತಿದ್ದಾರೆ. ದಪ್ಪ ಖಾದಿಯ ಧೋತರ, ಅಂಗಿ. ಪರದೆಯ ಅರಮನೆಯೊಳಗಿಂದ ಹೊರಬಂದ ಯಾರೋ ಋಷಿ ಇರಬೇಕು, ಕೊಡೆ ಯಾಕೆ ಎಂದು ನಾನು ಅರೆನಿದ್ದೆಯಲ್ಲಿ ಯೋಚಿಸಿದೆ. ಅವರು ಧಾರವಾಡದ ಮಾಳಮಡ್ಡಿಯ ಗೋವಿಂದ ಮಾಸ್ತರರು. ಸರಕಾರಿ ಸಾಲಿಯ ನೌಕರಿ ಬಿಟ್ಟು ಚಳವಳಿಗೆ ಇಳಿದವರೆಂದು ಆಮೇಲೆ ತಿಳಿಯಿತು.

"ನಿನ್ನೆ ನಿಮ್ಮ ನಾಟಕ ನೋಡಿದೆ. ರಾಣಿ ಯಾರು?" ಎಂದರು.

ನಾನು ಲುಂಗಿ ಸರಿಮಾಡಿಕೊಂಡು ಎದ್ದೆ. ಹಿಂದಿನ ದಿನದ ಕಾಡಿಗೆ ಇನ್ನೂ ಕಣ್ಣಲ್ಲಿತ್ತು. ಹೊಗಳಿಕೆ ಬರುತ್ತದೆಂದು ಮುಖವನ್ನೂ ಅದಕ್ಕೆ ತಕ್ಕ ಹಾಗೆ ಸಜ್ಜುಮಾಡಿಕೊಂಡೆ.

"ನಿನ್ನ ಚರಕಾದಾಗ ನೂಲು ಇರಲಿಲ್ಲ," ಎಂದರು ಮಾಸ್ತರರು.

ಇರಲಿಲ್ಲ, ಖರೆ. ಚರಕ ತಂದವರಿಗೆ ನೂಲಲು ಹತ್ತಿಯ ಹಂಜಿ ತರಬೇಕೆಂದು ಹೊಳೆದಿರಲಿಲ್ಲ. ಮಾತು ಕೇಳಿ ಮಾಲಕರು ಒಳಗಿಂದ ಬಂದರು.

"ಗಾಲಿ ತಿರುಗಿದ್ರ ಸಾಕ್ರಿ ಮಾಸ್ತರ್ರ. ಹಿಂದ ಕುಂತವ್ರಿಗೆ ನೂಲ ಎಲ್ಲಿ ಕಾಣ್ತೈತಿ?"

"ಮುಂದ ಕೂತವಗ ಕಾಣಸ್ತದಲ್ಲ. ಮಂದಿ ಅದರಾಗ ಜೀವಾ ಇಟ್ಟಾರ್ರಿ. ನೀವು ಬರೇ ಗಾಲಿ ತಿರುವಿ ಚಪ್ಪಾಳಿ ಹೊಡಿಸ್ಕೋತೀರಿ."

ಮಾಲಕರು ಸಿಟ್ಟಾಗಲಿಲ್ಲ. ಸಿಟ್ಟು ಅವರಿಗೆ ನಾಟಕದಲ್ಲಿ ಮಾತ್ರ ಬರುತ್ತಿತ್ತು. "ನಿಮ್ಮ ಮೆರವಣಿಗಿಗೆ ಬರೋ ಮಂದೀನ ನಮ್ಮಲ್ಲೂ ಬರೂದ್ರಿ," ಎಂದರು. "ಮನಿಗೆ ಹೋಗುವಾಗ ಚರಕಾದ ಹಾಡು ಗುನುಗುಕೋತ ಹೋಗ್ತಾರ. ನಿಮ್ಮ ಭಾಷಣಾ ಯಾರರ ಗುನುಗ್ಯಾರೇನ್ರಿ?"

ಮಾಸ್ತರರು ಜೋಳಿಗೆಯಿಂದ ಹಂಜಿಯ ಕಟ್ಟು ತೆಗೆದು ನನ್ನ ಎದುರು ಕೂತರು. "ಹಿಡಿ. ಕಲಸ್ತೇನಿ," ಎಂದರು.

ಎಂಟು ದಿನ ಬಂದರು. ನನ್ನ ಕೈಯಲ್ಲಿ ನೂಲು ಗಳಿಗೆಗೊಮ್ಮೆ ಹರಿಯುವುದು. ಸಾವಿರ ಜನರನ್ನು ಅಳಿಸಿದ ರಾಣಿ ಒಂದು ಎಳೆ ನೂಲಿನ ಮುಂದೆ ಪೆದ್ದುಪೆದ್ದಾಗಿ ಕೂಡುವಳು. ಮಾಸ್ತರರು ಬೈಯುತ್ತಿರಲಿಲ್ಲ, ಹೊಗಳುತ್ತಲೂ ಇರಲಿಲ್ಲ, ಹರಿದ ತುದಿ ಹುಡುಕಿ ಕೊಡುತ್ತಿದ್ದರು. ನನಗೊಂದು ಹುಚ್ಚು ಹಿಡಿಯಿತು. ಈ ಮನುಷ್ಯನ ಬಾಯಿಂದ ಒಂದೇ ಒಂದು ಸಲ "ಛಲೋ ಮಾಡಿದಿ" ಅನ್ನಿಸಿಕೊಳ್ಳಬೇಕು. ಥೇಟರು ತುಂಬ ಚಪ್ಪಾಳೆ ಬೀಳುತ್ತಿದ್ದರೂ ನನ್ನ ಕಣ್ಣು ನೆಲದ ಮೇಲೆ ಮುಂದೆ ಕೂತವರಲ್ಲಿ ಅವರನ್ನೇ ಹುಡುಕುತ್ತಿತ್ತು. ನೂಲು ಹರಿದಾಗಲೆಲ್ಲ ಹಾಡು ನಿಂತು, ಪೇಟಿ ಬಾರಿಸುವವರು ಒಂದೇ ಸ್ವರ ಹಿಡಿದು ಕಾಯುವರು. ರಂಗದ ಪಕ್ಕ ವಿಂಗಿನಲ್ಲಿ ಮಾಲಕರು ಹಣೆ ಹಣೆ ಬಡಿದುಕೊಳ್ಳುವರು. ಆದರೂ ಖರೆ ನೂಲು ಬೇಡವೆಂದು ಅವರು ಹೇಳಲಿಲ್ಲ.

ಒಂಬತ್ತನೆಯ ದಿನ ಮಾಸ್ತರರು ಮಾಲಕರ ಮುಂದೆ ಕೂತು, ಕೊಡೆಯ ಹಿಡಿಕೆ ತಿರುಗಿಸುತ್ತ, ಬಹಳ ಸಂಕೋಚದಿಂದ ವಿಷಯ ತೆಗೆದರು. ಅವರೊಂದು ನಾಟಕ ಬರೆದಿದ್ದಾರೆ. ಕಾಲೇಜು ಬಿಟ್ಟ ಹುಡುಗರು ಆಡುತ್ತಾರೆ. ಮಾಳಮಡ್ಡಿಯ ಒಂದು ವಾಡೆಯ ಅಂಗಳದಲ್ಲಿ, ಹಗಲು ಮೂರು ಗಂಟೆಗೆ. ದೀಪ, ಪರದೆ ಏನೂ ಬೇಡ. ಆದರೆ ಭಾರತಮಾತೆ ಬೇಕು, ಮತ್ತು ಇದ್ದವರಿಗೆಲ್ಲ ಮೀಸೆ.

ಸರಕಾರ ಕಂಪನಿಯ ಪರವಾನಗಿ ಕಿತ್ತುಕೊಂಡೀತೆಂದು ಮಾಲಕರು ಬೇಡ ಅನ್ನುತ್ತಾರೆಂದುಕೊಂಡಿದ್ದೆ. ಅವರು ನನ್ನನ್ನು ಮೂಲೆಗೆ ಕರೆದು, "ಹೋಗಿ ಬಾ. ಕಂಪನಿ ಹೆಸರ ಮಾತ್ರ ತಗೀಬ್ಯಾಡ. ಅಲ್ಲೆ ಎಲ್ಲಿ ಚಪ್ಪಾಳಿ ಬೀಳ್ತಾವು ನೋಡ್ಕೊಂಡು ಬಾ. ನಾವೂ ಹಾಕೂಣು," ಎಂದರು.

ಪಾತ್ರ ಓದಿ ನನ್ನ ಮುಖ ಸಣ್ಣದಾಯಿತು. ಭಾರತಮಾತೆಗೆ ಮಾತೇ ಇಲ್ಲ! ಮೊದಲಿನಿಂದ ಕೊನೆಯ ತನಕ ಕೈಗೆ ಸರಪಳಿ ಸುತ್ತಿಕೊಂಡು ಮಣೆಯ ಮೇಲೆ ಕೂಡುವುದು, ಅಷ್ಟೇ. ಕೊನೆಗೆ ಹುಡುಗರು ಬಂದು ಸರಪಳಿ ಕಳಚುತ್ತಾರೆ. ಒಂದು ಹಾಡಾದರೂ ಇರಲಿ ಎಂದು ನಾನು ಎರಡು ದಿನ ಗೋಗರೆದೆ. ಸರಪಳಿ ಬಿದ್ದ ಮೇಲೆ ಎಂಟು ಸಾಲು ಹಾಡಲು ಅಪ್ಪಣೆಯಾಯಿತು. ಸರಪಳಿಯ ವಿಷಯದಲ್ಲಿ ಮಾತ್ರ ಅವರು ಸೋಲಲಿಲ್ಲ. ರಟ್ಟಿನ ಕೊಂಡಿಗಳಿಗೆ ಬೇಗಡೆ ಅಂಟಿಸಿದ ನಮ್ಮ ಕಂಪನಿಯ ಸರಪಳಿಯನ್ನು ಒಂದೇ ಬೆರಳಿನಿಂದ ಎತ್ತಿ, "ಇದು ಊದಿದ್ರ ಹಾರತದ," ಎಂದರು. ಕೊನೆಗೆ ನಾನೇ ಹೆಬ್ಬಳ್ಳಿಗೆ ಹೋಗಿ ನೆರೆಮನೆಯವರ ಎತ್ತು ಕಟ್ಟುವ ಕಬ್ಬಿಣದ ಸರಪಳಿಯನ್ನು ಪಂಜೆಯಲ್ಲಿ ಸುತ್ತಿ ತಂದೆ. ಅದಕ್ಕೆ ಸೆಗಣಿಯ ವಾಸನೆ ಇತ್ತು. ಮಾಸ್ತರರಿಗೆ ಅದೂ ಹಿಡಿಸಿತು.

ಆ ಮಧ್ಯಾಹ್ನ ನನಗೆ ಈಗಲೂ ನೀರಿನೊಳಗಿಂದ ನೋಡಿದ ಹಾಗೆ ಕಾಣುತ್ತದೆ. ವಾಡೆಯ ಅಂಗಳ, ಹಾಸುಗಲ್ಲು, ಹಿಂದೆ ಕಟ್ಟಿದ ಜಮಖಾನ. ಮಹಡಿಯ ಕಟಕಟೆಗೆ ಆತು ನಿಂತ ಹೆಂಗಸರು. ದೀಪದ ಬೆಳಕಿನಲ್ಲಿ ಹತ್ತು ಜನರನ್ನು ಮರುಳು ಮಾಡುವ ನನ್ನ ಮುಖದ ಬಣ್ಣ ಬಿಸಿಲಿನಲ್ಲಿ ಸುಣ್ಣ ಬಳಿದ ಗೋಡೆಯಂತಿದೆ ಎಂದು ಕನ್ನಡಿ ನೋಡಿದಾಗ ತಿಳಿದು, ಎಲ್ಲ ತೊಳೆದುಬಿಟ್ಟೆ. ಬರಿಯ ಮುಖದಿಂದ ಜನರ ಮುಂದೆ ಕೂತದ್ದು ಅದೇ ಮೊದಲು. ಉಟ್ಟದ್ದು ಖಾದಿ ಸೀರೆ. ನೆರಿಗೆ ನಿಲ್ಲದಷ್ಟು ದಪ್ಪ. ಎಡಗೈಯಿಂದ ಎತ್ತಿ, ಬಲಗೈಯಿಂದ ಸವರಿ, ಮಣೆಯ ಮೇಲೆ ಕೂತೆ. ಮುಂದೆ ಹುಡುಗರು ಮಾತು ಮರೆತರು, ಒಬ್ಬರ ಮಾತು ಇನ್ನೊಬ್ಬರು ಹೇಳಿದರು. ನನಗೇನೂ ಕೇಳಲಿಲ್ಲ. ಕಬ್ಬಿಣ ಬಿಸಿಲಿಗೆ ಕಾದು ಮಣಿಕಟ್ಟು ಸುಡುತ್ತಿತ್ತು. ಮಾತಿಲ್ಲದೆ ಒಂದೂವರೆ ತಾಸು ಕೂತ ಆ ಹೊತ್ತಿನಲ್ಲಿ, ನಾನು ಇದುವರೆಗೆ ಯಾವ ರಾಣಿಯ ಪಾತ್ರವನ್ನೂ ಖರೇ ಮಾಡಿರಲಿಲ್ಲ ಅನ್ನಿಸಿತು.

ಕೊನೆಗೆ ಹುಡುಗರು ಬಂದು ಕೊಂಡಿ ಬಿಡಿಸಿದರು. ಸರಪಳಿ ಹಾಸುಗಲ್ಲಿನ ಮೇಲೆ ಬಿತ್ತು. ಆ ಸದ್ದಿಗೆ ಹಿತ್ತಲ ಗಿಡದ ಕಾಗೆಗಳೆಲ್ಲ ಎದ್ದವು. ನಾನು ಎದ್ದು ನಿಂತು ಎಂಟು ಸಾಲು ಹಾಡಿದೆ.

ಮುಗಿಯುತ್ತಲೇ ಹಿಂದಿನಿಂದ ಒಂದು ದನಿ. "ವನ್ಸ್ ಮೋರ್!"

ನಾನು ವಿಚಾರ ಮಾಡಲಿಲ್ಲ. ಮಾಡಿದ್ದರೆ ಈ ಪ್ರಬಂಧವೇ ಇರುತ್ತಿರಲಿಲ್ಲ. ನನ್ನ ಮೈ ತಾನಾಗಿ ಹಿಂದಕ್ಕೆ ಹೋಯಿತು. ಬಗ್ಗಿದೆ. ಸರಪಳಿ ಎತ್ತಿದೆ. ನನ್ನ ಕೈಗೆ ನಾನೇ ಸುತ್ತಿಕೊಂಡು ಕೊಂಡಿ ಸಿಗಿಸಿದೆ. ಸೀರೆ ಸವರಿ, ಮಣೆಯ ಮೇಲೆ ಕೂತು, ಬಿಡಿಸುವವರಿಗಾಗಿ ಕಾದೆ. ಹುಡುಗರು ಒಬ್ಬರ ಮುಖ ಒಬ್ಬರು ನೋಡಿ, ಬೇರೆ ದಾರಿ ಕಾಣದೆ ಮತ್ತೆ ಬಂದು ಬಿಡಿಸಿದರು. ಮತ್ತೆ ಸದ್ದು, ಮತ್ತೆ ಕಾಗೆ, ಮತ್ತೆ ಹಾಡು. ಈಗ ಅಂಗಳವೆಲ್ಲ ಕೂಗಿತು. ಮಹಡಿಯ ಮೇಲಿನ ಹೆಂಗಸರೂ ಕೂಗಿದರು. ಹೀಗೆ ಮೂರು ಸಲ.

ಜಮಖಾನದ ಹಿಂದೆ ಮಾಸ್ತರರು ನಿಂತಿದ್ದರು. ಛಲೋ ಮಾಡಿದಿ ಎಂಬ ಮಾತು ಈಗ ಬಂತು, ಇನ್ನೇನು ಬಂತು ಎಂದು ನಾನು ಬೆವರು ಒರೆಸಿಕೊಳ್ಳುತ್ತ ಹೋದೆ. ಅವರು ಸರಪಳಿಯ ಕಡೆ ಕೈ ಮಾಡಿದರು.

"ಮೂರು ತಿಂಗಳ ಕೂತು ಬರದೇನಿ. ಆ ಸರಪಳಿ ಒಮ್ಮೆ ಬಿದ್ರ ಮತ್ತ ಏಳಬಾರ್ದು ಅಂತ ಬರದೇನಿ," ಎಂದರು. "ನಿನ್ನ ಕೈಲೇ ನೀನ ಎತ್ತಿ ಹಾಕ್ಕೊಂಡ್ಯಲ್ಲೋ, ಮೌಲಾ!"

"ಮಂದಿ ಕೇಳಿದ್ರ್ರಿ, ಮಾಸ್ತರ್ರಿ."

"ಮಂದಿ ಕೇಳಿದ್ರ ಹಾಕ್ಕೊಳ್ಳೋದೇನು?"

ಇಷ್ಟನ್ನೂ ಮೆಲುದನಿಯಲ್ಲಿ ಹೇಳಿ ಒಳಗೆ ಹೋದರು. ಯಾರೂ ನಗಲಿಲ್ಲರಿ, ಮುಂದೆ ಕೂತ ಮುದುಕಿ ಒಂದನೆಯ ಸಲಕ್ಕಿಂತ ಮೂರನೆಯ ಸಲ ಹೆಚ್ಚು ಅತ್ತಳು ಎಂದು ಅವರಿಗೆ ಹೇಳಬೇಕೆಂದು ನನಗಿತ್ತು. ಸಾವಿರ ಸಾಲು ಬಾಯಿಪಾಠ ಇದ್ದವನಿಗೆ ಬೇಕಾದ ಒಂದು ಸಾಲು ಬರಲಿಲ್ಲ. ಸರಪಳಿಯನ್ನು ಪಂಜೆಯಲ್ಲಿ ಸುತ್ತಿಕೊಂಡು ಸಂಜೆಯ ಗಾಡಿಗೆ ಹುಬ್ಬಳ್ಳಿಗೆ ಬಂದೆ.

"ಎಲ್ಲಿ ಬಿದ್ದುವು ಚಪ್ಪಾಳಿ?" ಎಂದು ಕೇಳಿದರು ಮಾಲಕರು.

"ಸರಪಳಿ ಬಿದ್ದಲ್ಲೆ," ಎಂದೆ.

ಒಂದು ವಾರದೊಳಗೆ ನಮ್ಮ ರಾಣಿಗೂ ಸರಪಳಿ ಬಂತು. ರಟ್ಟಿನದೇ. ಸದ್ದಿಗೆ ವಿಂಗಿನಲ್ಲಿ ಒಬ್ಬರು ತಾಳ ಹಿಡಿದು ನಿಲ್ಲುವರು. ಅದೇ ವಾರ ಧಾರವಾಡದಲ್ಲಿ ಹೆಂಡದ ಅಂಗಡಿಯ ಮುಂದೆ ಗಿರಾಕಿಗಳನ್ನು ತಡೆದು ನಿಂತು ಮಾಸ್ತರರು ಜೈಲಿಗೆ ಹೋದರೆಂದು ಯಾರೋ ಹೇಳಿದರು. ಒಂದು ವರುಷ ಶಿಕ್ಷೆ.

ಆ ವರುಷ ಗದಗ, ಬಾಗಲಕೋಟೆ, ವಿಜಾಪುರ ಎಂದು ಊರೂರು ತಿರುಗಿದೆವು. ಎಲ್ಲ ಕಡೆ ಸರಪಳಿ ಬಿತ್ತು, ಎಲ್ಲ ಕಡೆ ವನ್ಸ್ ಮೋರ್. ನಾನು ಬಗ್ಗುತ್ತಿದ್ದೆ. ಬಗ್ಗಿದಾಗಲೆಲ್ಲ "ನಿನ್ನ ಕೈಲೇ ನೀನ" ಎಂಬ ಮಾತು ನೆಲದಿಂದ ಎದ್ದು ಬಂದ ಹಾಗೆ ಕೇಳುವುದು. ರಟ್ಟಿನ ಸರಪಳಿಗೆ ಏನು ತೂಕ? ಆದರೂ ನಾಲ್ಕನೆಯ ಊರಿನ ಹೊತ್ತಿಗೆ ಅದು ನನಗೆ ಎತ್ತಲಾರದಂತಾಯಿತು. ಅವರು ಜೈಲಿನಲ್ಲಿ, ನಾನು ಬೇಗಡೆ ಸರಪಳಿಯಲ್ಲಿ. ನನಗೆ ನನ್ನ ಬಗ್ಗೆ ನಾಚಿಕೆಯಾಗುತ್ತಿತ್ತು. ಅವರ ಎದುರು ನಿಂತು ತಪ್ಪಾಯಿತು ಅನ್ನಬೇಕು, ಇಲ್ಲವೆ ತಪ್ಪಲ್ಲ ಅನ್ನಬೇಕು; ಯಾವುದು ಎಂದು ನನಗೇ ಗೊತ್ತಿರಲಿಲ್ಲ.

ತಿರುಗಿ ಹುಬ್ಬಳ್ಳಿಗೆ ಬಂದೆವು. ಅದೇ ತಗಡಿನ ಥೇಟರು. ಪರದೆಯ ನವಿಲು ಮಾಸಿತ್ತು. ಒಂದು ಮಧ್ಯಾಹ್ನ ಕಣ್ಣು ಬಿಟ್ಟರೆ ಅದೇ ಕೊಡೆ. ಕನಸಿರಬೇಕೆಂದು ಮತ್ತೆ ಕಣ್ಣು ಮುಚ್ಚಿ ತೆರೆದೆ. ಮಾಸ್ತರರು ಅರ್ಧಕ್ಕರ್ಧ ಇಳಿದಿದ್ದರು. ಕೂದಲು ಸಣ್ಣಗೆ ಕತ್ತರಿಸಿತ್ತು.

ನಾನು ಗಡಬಡಿಸಿ ಎದ್ದು ಚಾಪೆ ಹಾಸಿದೆ. "ಬರ್ರಿ ಮಾಸ್ತರ್ರಿ. ಕೂಡ್ರಿ."

ಅವರು ಕೊಡೆ ಕೆಳಗಿಟ್ಟರು. ಅವರ ಎಡಗೈ ಮುಂದೆ ಬಂದು ಗಾಳಿಯಲ್ಲಿ ಏನನ್ನೋ ಚೂರು ಮೇಲೆತ್ತಿತು. ಬಲಗೈ ಹಿಂದೆ ಹೋಗಿ ನಡುವಿನ ಕೆಳಗೊಮ್ಮೆ ಸವರಿತು. ಆಮೇಲೆ ಕೂತರು.

ಆ ಚಾಳಿ ಸೀರೆ ಉಡದವರಿಗೆ ಬರುವುದಿಲ್ಲ. ನಾನು ಅವರ ಕೈಯನ್ನೇ ನೋಡುತ್ತಿದ್ದೆ. ನೋಡುತ್ತಿದ್ದೇನೆಂದು ಅವರಿಗೆ ತಿಳಿಯಿತು. ಕಿವಿಯ ತುದಿ ಕೆಂಪಾಯಿತು.

"ಎಷ್ಟ ದಿನಾ ತಾಲೀಮ ಮಾಡಿದ್ರಿ?" ಎಂದೆ ಮೆಲ್ಲಗೆ.

"ಎರಡು ತಿಂಗಳು," ಎಂದರು. "ಜೈಲಿನೊಳಗ ಐತವಾರ ಮಧ್ಯಾಹ್ನ ಬಿಡುವು ಇರತಿತ್ತು. ಹುಡುಗ್ರು ಆ ನಾಟಕಾನ ಮಾಡೋಣು ಅಂದ್ರು. ಭಾರತಮಾತಿ ಯಾರಾಗ್ಬೇಕು? ಒಬ್ಬಾಂವನೂ ಒಪ್ಪಲಿಲ್ಲ. ಬರದಾಂವ ನಾ. ನಾನ ಆಗಬೇಕಾತು. ಎರಡು ಧೋತರಾ ಕೂಡಿಸಿ ಉಟ್ಟೆ. ಮೊದಲನೇ ದಿನಾ ಕೂಡ್ಲಿಕ್ಕೆ ಹೋಗಿ ಕಾಲಾಗ ಸಿಕ್ಕು ಬಿದ್ದೆ. ಆವಾಗ ನಿನ್ನ ನೆನಪಾತು. ನೀ ಹೆಂಗ ಕೂಡ್ತಿದ್ದಿ ಅಂತ ಕಣ್ಣ ಮುಚ್ಚಿ ನೆನಸ್ಕೊಂಡೆ."

"ಸರಪಳಿ?"

"ಅಲ್ಲೆ ಎಲ್ಲಿಂದ ಬರಬೇಕು, ಜೈಲಿನವ್ರು ಹಾಕಿದ್ರನ ಬರಬೇಕು. ಪಂಜೆ ಹೆಣದು ಹಗ್ಗಾ ಮಾಡಿದ್ವಿ. ಅದು ಬಿದ್ರ ಸಪ್ಪಳಿಲ್ಲ. ಅದಕ್ಕ ನೋಡ್ಲಿಕ್ಕೆ ಕೂತವ್ರೆಲ್ಲ ತಮ್ಮ ತಮ್ಮ ಊಟದ ತಾಟು ಎತ್ತಿ ಹಿಡದು ಒಮ್ಮೆಲೆ ನೆಲಕ್ಕ ಬಿಟ್ರು." ಅವರು ತಾಟು ಬಿಡುವ ಹಾಗೆ ಎರಡೂ ಕೈ ಬಿಚ್ಚಿ ತೋರಿಸಿದರು. "ಆಮ್ಯಾಲೆ ನಾ ಹಾಡಿದೆ. ಮುಗಿಯೂದ್ರಾಗ ಹಿಂದಿನಿಂದ ಒಬ್ಬಾಂವ ಕೂಗಿದ."

"ಏನಂತರಿ?" ನನಗೆ ಗೊತ್ತಿತ್ತು. ಆದರೂ ಕೇಳಿದೆ.

"ಅದನ್ನ. ವನ್ಸ್ ಮೋರ್ ಅಂತ."

ತಗಡಿನ ಮೇಲೆ ಒಂದು ಕಾಗೆ ಟಪ್ ಟಪ್ ನಡೆದು ಹೋಯಿತು.

"ಬ್ಯಾಡ ಅನಬೇಕಂತ ಕೈ ಎತ್ತಿದೆ," ಎಂದರು. "ಮುಂದ ಒಬ್ಬ ಮುದುಕ ಕೂತಿದ್ದ. ತಾಟು ಮತ್ತ ಎತ್ತಿ ಹಿಡಕೊಂಡಿದ್ದ, ಬಿಡ್ಲಿಕ್ಕೆ ತಯಾರಾಗಿ. ಅವನ ಹಿಂದ ಎಲ್ಲಾರೂ ಹಿಡಕೊಂಡಿದ್ರು. ಅವರಿಗೆ ಹಾಡು ಬೇಕಾಗಿರಲಿಲ್ಲಪಾ. ನಾ ಹಾಡಿದ್ದು ಯಾರಿಗೂ ಬೇಕಾಗೋ ಹಂಗೂ ಇರಲಿಲ್ಲ. ಅವರಿಗೆ ಅದು ಬೀಳೋದು ಬೇಕಾಗಿತ್ತು. ಮತ್ತ ಬೀಳಬೇಕಂದ್ರ ಯಾರರ ಒಬ್ರು ಎತ್ತಿ ಹಾಕ್ಕೋಬೇಕಲ್ಲ."

"ಎಷ್ಟ ಸಲ, ಮಾಸ್ತರ್ರಿ?"

"ನಾಕು." ಮೊದಲ ಬಾರಿಗೆ ನನ್ನ ಮುಖ ನೋಡಿದರು. "ನಿನಗಿಂತ ಒಂದು ಹೆಚ್ಚು."

ನನ್ನ ಕಣ್ಣು ತುಂಬಿ ಬಂದವು. ಅಳುವುದು ನನ್ನ ಕಸುಬು. ಬೇಕೆಂದಾಗ ಅಳಬಲ್ಲೆ, ಬೇಕೆಂದಾಗ ನಿಲ್ಲಿಸಬಲ್ಲೆ. ಅವತ್ತು ನಿಲ್ಲಿಸಲು ಆಗಲಿಲ್ಲ. ಅಷ್ಟರಲ್ಲಿ ಪರದೆ ಅಲುಗಿತು. ಹಿಂದೆ ಮಾಲಕರು ಎಷ್ಟು ಹೊತ್ತಿನಿಂದ ನಿಂತಿದ್ದರೋ!

"ತಾಟ ಬಿಟ್ರು ಅಂದ್ರ್ಯಲ್ರಿ, ಮಾಸ್ತರ್ರ," ಎಂದರು, ಬಹಳ ವಿನಯದಿಂದ. "ಎಲ್ಲಾರೂ ಒಮ್ಮೆಲೇನ? ತಗಡಿನ ತಾಟೇನ್ರಿ, ಹಿತ್ತಾಳೀವೇನ್ರಿ?"

ಮಾಸ್ತರರು ಒಂದು ಗಳಿಗೆ ಅವರನ್ನೇ ನೋಡಿದರು. ಆಮೇಲೆ ನಕ್ಕರು. ಆ ಮನುಷ್ಯ ನಗುವುದನ್ನು ನಾನು ಅಲ್ಲಿಯ ತನಕ ನೋಡಿರಲಿಲ್ಲ. ಮಲಗಿದ್ದ ರಾಕ್ಷಸ ಎಚ್ಚರಾಗಿ, ಏನೆಂದು ತಿಳಿಯದೆ, ತಾನೂ ನಕ್ಕ. "ತಗಡಿನವು, ಶಿವಲಿಂಗಪ್ಪನವರ. ತಗೊಳ್ರಿ, ಹಾಕಿಕೊಳ್ರಿ ನಿಮ್ಮ ನಾಟಕದಾಗ," ಎಂದರು ಮಾಸ್ತರರು.

ಚಹಾ ಆಯಿತು. ಹೊರಡಲೆಂದು ಕೊಡೆ ಎತ್ತಿಕೊಂಡವರು ಬಾಗಿಲ ತನಕ ಹೋಗಿ ತಿರುಗಿ ಬಂದರು. ಸಾಲಿಯ ಹುಡುಗ ಪಾಠ ಒಪ್ಪಿಸಲು ನಿಂತ ಹಾಗೆ ನನ್ನ ಮುಂದೆ ನಿಂತರು.

"ಆ ಕೂಡೋದು... ಖರೇ ಹೇಳು. ಸರಿ ಬಂದದೇನು? ಒಳಗ ಕೇಳಬೇಕಂದ್ರ ಗೊತ್ತಿದ್ದಾವ್ರು ಒಬ್ರೂ ಇರಲಿಲ್ಲ."

ಕೊಡೆ ಬದಿಗಿಟ್ಟು ಮತ್ತೆ ಕೂತು ತೋರಿಸಿದರು. ಎಡಗೈ ಚೆನ್ನಾಗಿಯೇ ಬಂತು. ಬಲಗೈ ಒಂದು ಗಳಿಗೆ ತಡವಾಯಿತು, ಮೊಳಕೈ ತೀರ ಅಗಲ. ನಾನು ಏನು ಹೇಳಬೇಕು? ಒಂದು ವರುಷದಿಂದ ಕೂಡಿಟ್ಟ ಮಾತುಗಳಲ್ಲಿ ಒಂದೂ ಈಗ ಬೇಕಾಗಿರಲಿಲ್ಲ. ಛಲೋ ಮಾಡಿದಿ ಎಂದು ಅವರು ನನಗೆ ಅವತ್ತೂ ಅನ್ನಲಿಲ್ಲ, ಅನ್ನಲಿಲ್ಲವೆಂದು ನನಗೆ ನೆನಪಾದದ್ದು ಎಷ್ಟೋ ದಿನದ ಮೇಲೆ. ಬಿಸಿಲ ಬಿಲ್ಲೆ ನವಿಲಿನ ಕಣ್ಣಿಗೆ ಬಂದು ನಿಂತಿತ್ತು. ಇಡೀ ಥೇಟರು ಮಲಗಿ ಎದ್ದು ನನ್ನನ್ನೇ ನೋಡುತ್ತಿತ್ತು. ಅಷ್ಟು ವರುಷ ನಾನು ಕೇಳುತ್ತಲೇ ಬಂದಿದ್ದ ಮಾತು. ನನ್ನ ಬಾಯಿಂದ ಒಮ್ಮೆಯೂ ಬಂದಿರಲಿಲ್ಲ.

"ವನ್ಸ್ ಮೋರ್, ಮಾಸ್ತರ್ರಿ," ಎಂದೆ.

ಮಾಸ್ತರರು ಎದ್ದು ನಿಂತು, ಎಡಗೈಯಿಂದ ಇಲ್ಲದ ನೆರಿಗೆಯನ್ನು ಮತ್ತೆ ಮೇಲೆತ್ತಿದರು.